ಮುಗಿಯದ ಕೋಟೆ, ಬಾಗಿಲಲ್ಲಿ ನಿಂತ ಅಪರಿಚಿತ

ಕಂಪ್ಯೂಟರ್ ಆಟವೊಂದರ ಬಗ್ಗೆ ಈ ಪುಟಗಳಲ್ಲಿ ವಿಮರ್ಶೆ ಬರೆಯಲು ಹೊರಟರೆ ಕೆಲವು ಓದುಗರಾದರೂ ಹುಬ್ಬೇರಿಸುತ್ತಾರೆಂದು ನಮಗೆ ಗೊತ್ತು. ಆಟವೆಂದರೆ ನಮ್ಮ ಮನೆಗಳಲ್ಲಿ ಎರಡೇ ಮಾತು. ಒಂದು, ಹುಡುಗ ಓದು ಬಿಟ್ಟು ಅದರ ಮುಂದೆಯೇ ಕೂತಿದ್ದಾನೆ ಎಂಬ ತಾಯಿಯ ದೂರು. ಇನ್ನೊಂದು, ಶುಕ್ರವಾರದ ಬಯಾನ್‌ನಲ್ಲಿ ಕೇಳಿಬರುವ ಕಾಲಹರಣದ ಎಚ್ಚರಿಕೆ. ಎರಡರಲ್ಲೂ ಸತ್ಯವಿದೆ. 2020ರ ಸೆಪ್ಟೆಂಬರಿನಲ್ಲಿ ಕೇಂದ್ರ ಸರಕಾರ ಪಬ್‌ಜಿ ಮೊಬೈಲ್ ಆಟವನ್ನು ನಿಷೇಧಿಸಿದಾಗ ನಿಟ್ಟುಸಿರು ಬಿಟ್ಟ ಹಿರಿಯರಲ್ಲಿ ನಾವೂ ಸೇರಿದ್ದೇವೆ. ಆದರೆ ಒಂದು ಕಾಲದಲ್ಲಿ ಕಾದಂಬರಿಯ ಬಗ್ಗೆಯೂ ಹಿರಿಯರು ಇದೇ ಮಾತು ಆಡಿದ್ದರು, ಆಮೇಲೆ ಸಿನಿಮಾದ ಬಗ್ಗೆಯೂ ಆಡಿದರು. ಕಾದಂಬರಿಗಳಲ್ಲಿ ಒಳ್ಳೆಯದು ಯಾವುದು, ಕೆಟ್ಟದ್ದು ಯಾವುದು ಎಂದು ವಿಂಗಡಿಸಿ ನೋಡುವುದನ್ನು ನಾವು ಕಲಿತೆವು. ಆಟಗಳ ವಿಚಾರದಲ್ಲಿ ಆ ಕೆಲಸ ಇನ್ನೂ ಶುರುವಾಗಿಲ್ಲ. ಮಕ್ಕಳು ಅದರೊಳಗೆ ದಿನಗಟ್ಟಲೆ ಬದುಕುತ್ತಿರುವಾಗ ನಾವು ಹೊರಗೆ ನಿಂತು ಗದರುತ್ತಿದ್ದರೆ ಸಾಕೇ?

ಈ ಪ್ರಶ್ನೆಯನ್ನು ನಮ್ಮೊಳಗೆ ಹುಟ್ಟಿಸಿದವನು ಅಕ್ಕನ ಮಗ. ಇಂಜಿನಿಯರಿಂಗ್ ಓದುತ್ತಿರುವ ಹುಡುಗ. ಕಳೆದ ಮಳೆಗಾಲದಲ್ಲಿ ರಜೆಗೆ ಬಂದವನು ಲ್ಯಾಪ್‌ಟಾಪಿನ ಮುಂದೆ ಕೂತು ಒಬ್ಬನೇ ನಗುತ್ತಿದ್ದ, ಒಬ್ಬನೇ ಪೇಚಾಡುತ್ತಿದ್ದ. ಇಣುಕಿ ನೋಡಿದರೆ ಗುಂಡಿನ ಸದ್ದಿಲ್ಲ, ಓಡುವ ಕಾರಿಲ್ಲ. ಬೆಟ್ಟದ ಹೊಟ್ಟೆಯೊಳಗೆ ಕೋಣೆಗಳು, ಅಲ್ಲಿ ಓಡಾಡುವ ಪುಟ್ಟ ಗಡ್ಡದ ಮನುಷ್ಯರು. 'ಇದೇನಪ್ಪಾ?' ಎಂದೆವು. 'ಕುಬ್ಜರ ಕೋಟೆ ಮಾಮೂ. ಕೂತ್ಕೊಳ್ಳಿ, ನಿಮಗೆ ಇಷ್ಟ ಆಗುತ್ತೆ. ಇದು ಕತೆ ಬರೆಯುತ್ತೆ' ಎಂದ. ಕತೆ ಬರೆಯುತ್ತದೆ ಎಂದ ಮೇಲೆ ಕತೆಗಾರನೆನಿಸಿಕೊಂಡವರು ಕೂರದಿರುವುದು ಹೇಗೆ?

ಆಟದ ಹೆಸರು 'ಡ್ವಾರ್ಫ್ ಫೋರ್ಟ್ರೆಸ್'. ಮಾಡಿದವರು ಅಮೆರಿಕದ ಇಬ್ಬರು ಅಣ್ಣತಮ್ಮಂದಿರು, ಜ್ಯಾಕ್ ಆ್ಯಡಮ್ಸ್ ಮತ್ತು ಟಾರ್ನ್ ಆ್ಯಡಮ್ಸ್. ಅಣ್ಣ ಪ್ರಾಚೀನ ಇತಿಹಾಸ ಓದಿದವರು, ತಮ್ಮ ಸ್ಟ್ಯಾನ್‌ಫರ್ಡ್‌ನಲ್ಲಿ ಗಣಿತದಲ್ಲಿ ಡಾಕ್ಟರೇಟ್ ಪಡೆದವರು. ಕೆಲಸ ಶುರುವಾದದ್ದು 2002ರಲ್ಲಿ. 2006ರಲ್ಲಿ ಟಾರ್ನ್ ವಿಶ್ವವಿದ್ಯಾಲಯದ ನೌಕರಿ ಬಿಟ್ಟರು, ಅದೇ ವರ್ಷ ಆಗಸ್ಟ್‌ನಲ್ಲಿ ಆಟದ ಮೊದಲ ರೂಪ ಹೊರಬಂತು. ಹಿಂದೆ ದೊಡ್ಡ ಕಂಪೆನಿಯಿಲ್ಲ, ನೂರಾರು ನೌಕರರಿಲ್ಲ. ಪ್ರೋಗ್ರಾಂ ಬರೆಯುವವರು ಬಹುಕಾಲ ಟಾರ್ನ್ ಒಬ್ಬರೇ. ಇಪ್ಪತ್ತು ವರ್ಷ ದಾಟಿದರೂ ಆಟ ಮುಗಿದಿಲ್ಲ, ಇಂದಿಗೂ ಕಟ್ಟುತ್ತಲೇ ಇದ್ದಾರೆ. 1.0 ಎಂಬ ಅಂಕಿ ಬಂದ ದಿನ ಆಟ ಪೂರ್ಣ ಎಂಬ ಲೆಕ್ಕದಲ್ಲಿ ಅವರು ಆವೃತ್ತಿಗಳಿಗೆ ಸಂಖ್ಯೆ ಕೊಡುತ್ತಾ ಬಂದವರು. 2022ರ ಡಿಸೆಂಬರಿನಲ್ಲಿ ಬಂದ ಆವೃತ್ತಿಯ ಸಂಖ್ಯೆ 50. ಅಂದರೆ ಇಪ್ಪತ್ತು ವರ್ಷ ನಡೆದು ಅರ್ಧ ದಾರಿಗೆ ಬಂದಿದ್ದಾರೆ!

ಆಟ ಶುರುವಾಗುವ ರೀತಿಯೇ ವಿಚಿತ್ರ. ಮೊದಲು ಒಂದು ಲೋಕ ಹುಟ್ಟುತ್ತದೆ. ಬೆಟ್ಟಗಳು ಏಳುತ್ತವೆ, ಮಳೆ ಬೀಳುವ ಕಡೆ ಕಾಡು, ಬೀಳದ ಕಡೆ ಮರುಭೂಮಿ, ನೀರು ಕೊರೆದ ದಾರಿಯಲ್ಲಿ ನದಿ. ಆಮೇಲೆ ಆ ಲೋಕದ ಮೇಲೆ ನೂರಾರು ವರ್ಷಗಳ ಇತಿಹಾಸ ಕಣ್ಣೆದುರೇ ಉರುಳುತ್ತದೆ. ರಾಜ್ಯಗಳು ಕಟ್ಟಿಕೊಳ್ಳುತ್ತವೆ, ಯುದ್ಧ ನಡೆಯುತ್ತದೆ, ಮದುವೆ, ಹೆರಿಗೆ, ಸಾವು. ಇದನ್ನು ಯಾರೂ ಕೂತು ಬರೆದದ್ದಲ್ಲ. ನಿಯಮಗಳನ್ನು ಹೇಳಿಕೊಟ್ಟು ಯಂತ್ರವನ್ನು ಬಿಟ್ಟಿದ್ದಾರೆ, ಪ್ರತಿ ಸಲವೂ ಬೇರೆಯೇ ಲೋಕ. ಇಷ್ಟಾದ ಮೇಲೆ ಏಳು ಮಂದಿ ಕುಬ್ಜರು ಒಂದು ಗಾಡಿ, ಒಂದಿಷ್ಟು ಸಾಮಾನು ಕಟ್ಟಿಕೊಂಡು ಹೊಸ ಜಾಗಕ್ಕೆ ಬರುತ್ತಾರೆ. ಆಡುವವನ ಕೆಲಸ ಅವರಿಗೆ ನೆಲೆ ಮಾಡಿಕೊಡುವುದು. ಇಲ್ಲಿ ಅಗೆಯಿರಿ, ಅಲ್ಲಿ ಬಿತ್ತಿರಿ, ಇಲ್ಲೊಂದು ಕುಲುಮೆ ಇರಲಿ ಎಂದು ಅಪ್ಪಣೆ ಕೊಡಬಹುದು. ಆದರೆ ಯಾರ ಕೈಯನ್ನೂ ಹಿಡಿದು ಮಾಡಿಸುವಂತಿಲ್ಲ. ಹಸಿದವನು ಉಣ್ಣಲು ಹೋಗುತ್ತಾನೆ, ದಣಿದವನು ಮಲಗುತ್ತಾನೆ, ಬೇಸರ ಬಂದವನು ಜಗಳ ತೆಗೆಯುತ್ತಾನೆ.

ಉರ್ದು ಶಾಲೆಯಲ್ಲಿ ಓದಿದವರಿಗೆ ಇದನ್ನು ನೋಡಿದಾಗ ದಾಸ್ತಾನ್ ನೆನಪಾಗದೆ ಇರದು. ಅಮೀರ್ ಹಂಝಾರ ದಾಸ್ತಾನನ್ನು ಲಕ್ನೋದ ನವಲ್ ಕಿಶೋರ್ ಮುದ್ರಣಾಲಯ ಅಚ್ಚು ಹಾಕಿಸಲು ಹೊರಟಾಗ ಅದು 46 ಸಂಪುಟಗಳಿಗೆ ಬೆಳೆಯಿತು. ಅದರಲ್ಲಿ ಬರುವ ಅಮರ್ ಅಯ್ಯಾರನ ಝಂಬೀಲ್ ಎಂಬ ಚೀಲದೊಳಗೆ ಊರುಗಳೇ ಅಡಗಿರುತ್ತಿದ್ದವು. ದೆಹಲಿಯ ಮೀರ್ ಬಾಕರ್ ಅಲಿ 1928ರಲ್ಲಿ ತೀರಿಕೊಂಡಾಗ ಆ ಪರಂಪರೆಯ ಕೊನೆಯ ದೊಡ್ಡ ಕತೆಗಾರ ಹೋದರೆಂದು ಜನ ಮರುಗಿದರು. ದಾಸ್ತಾನಿಗೆ ಮುಕ್ತಾಯದ ಅವಸರವಿಲ್ಲ. ಕೇಳುವವರು ಕೂತಿರುವಷ್ಟು ಹೊತ್ತು ಕತೆ ಬೆಳೆಯುತ್ತದೆ. ಈ ಆಟದ ಜಾಯಮಾನವೂ ಅದೇ. ಒಂದು ವ್ಯತ್ಯಾಸವಿದೆ. ದಾಸ್ತಾನ್ ಹೇಳುವವನಿಗೆ ವೀರನ ಮೇಲೆ ಕಣ್ಣು, ಈ ಯಂತ್ರಕ್ಕೆ ಎಲ್ಲರೂ ಒಂದೇ. ಅರಸನ ಮರಣವನ್ನೂ ಮೀನು ಸೋಸುವವಳ ಮರಣವನ್ನೂ ಒಂದೇ ಅಳತೆಯ ವಾಕ್ಯದಲ್ಲಿ ಬರೆದಿಡುತ್ತದೆ.

ಇದು ಆಟದ ಶಕ್ತಿಯೂ ಹೌದು, ಮಿತಿಯೂ ಹೌದು. ಸಣ್ಣಕತೆ ಬರೆಯುವವರು ಬದುಕಿನಿಂದ ಹತ್ತು ಸಂಗತಿ ಬಿಟ್ಟು ಒಂದನ್ನು ಆರಿಸುತ್ತಾರೆ. ಈ ಯಂತ್ರಕ್ಕೆ ಬಿಡುವುದು ಗೊತ್ತಿಲ್ಲ. ಲೋಕದ ಇತಿಹಾಸವನ್ನು ಓದಲು ಇಲ್ಲಿ ಒಂದು ವಿಭಾಗವಿದೆ, ಅಲ್ಲಿಗೆ ಹೋದರೆ ಸಾವಿರಾರು ಹೆಸರುಗಳು, ಸಾವಿರಾರು ಸಂಗತಿಗಳು. ಹೆಚ್ಚಿನದು ತಾಲೂಕು ಕಚೇರಿಯ ದಾಖಲೆ ಓದಿದ ಹಾಗೆ. ಇದು ಕತೆ ಬರೆಯುತ್ತದೆ ಎಂದ ಹುಡುಗನ ಮಾತನ್ನು ನಾವು ಪೂರ್ತಿ ಒಪ್ಪುವುದಿಲ್ಲ. ಇದು ಕತೆಯ ಮಣ್ಣನ್ನು ರಾಶಿ ಹಾಕುತ್ತದೆ, ಮಡಕೆ ಮಾಡುವವನು ಆಡುವವನೇ. 2006-07ರಲ್ಲಿ ಒಂದಷ್ಟು ಮಂದಿ ಒಂದೇ ಕೋಟೆಯನ್ನು ಸರದಿಯಂತೆ ಆಳಿದರು. ಒಬ್ಬ ಆಟದೊಳಗಿನ ಒಂದು ವರ್ಷ ಆಳಿ, ನಡೆದುದನ್ನೆಲ್ಲ ಬರೆದು, ಮುಂದಿನವನಿಗೆ ಒಪ್ಪಿಸುವುದು. 'ಬೋಟ್‌ಮರ್ಡರ್ಡ್' ಎಂಬ ಆ ಕೋಟೆಯ ವೃತ್ತಾಂತ, ಆನೆಗಳ ದಾಳಿ, ಲಾವಾರಸ ಹರಿಸಿದ ಹುಚ್ಚುತನ ಎಲ್ಲವೂ ಸೇರಿ, ಆಟ ಆಡದವರೂ ಓದುವ ಕತೆಯಾಯಿತು. ಅದನ್ನು ಕತೆ ಮಾಡಿದ್ದು ಬರೆದವರ ಕೈ.

ಅಣ್ಣತಮ್ಮಂದಿರಿಗೂ ಇದು ತಿಳಿದಿದೆಯೆಂದು ಅವರ ಕೆಲಸದ ಕ್ರಮ ಹೇಳುತ್ತದೆ. ಜ್ಯಾಕ್ ಮೊದಲು ಒಂದು ಸಣ್ಣಕತೆ ಬರೆಯುತ್ತಾರೆ. ಆಮೇಲೆ ಇಬ್ಬರೂ ಕೂತು, ಇಂಥ ಕತೆ ಆಟದೊಳಗೆ ತಾನಾಗಿ ನಡೆಯಬೇಕಾದರೆ ಏನೇನು ಬೇಕು ಎಂದು ಪಟ್ಟಿ ಮಾಡುತ್ತಾರೆ. ಕತೆಯಲ್ಲಿ ಒಬ್ಬ ಹಗೆ ಸಾಧಿಸಿದರೆ, ಆಟಕ್ಕೆ ನೆನಪಿನ ಶಕ್ತಿ ಬೇಕು. ಒಬ್ಬಳು ಅತ್ತರೆ, ಆಟಕ್ಕೆ ದುಃಖ ಗೊತ್ತಿರಬೇಕು. ಕತೆಯನ್ನು ಬಿಚ್ಚಿ ಅದರ ಕೀಲುಗಳನ್ನು ಎಣಿಸುವ ಈ ಶ್ರದ್ಧೆ ನಮ್ಮಂಥ ಬರಹಗಾರರಿಗೂ ಪಾಠ.

ಹಾಗೆಯೇ ಈ ಆಟಕ್ಕೆ ದುಃಖ ಗೊತ್ತಿದೆ. ನಮ್ಮ ಕೋಟೆಯ ಅಂತ್ಯವೇ ಅದಕ್ಕೆ ಸಾಕ್ಷಿ. ಹೊಳೆಯ ಕಡೆ ಅಗೆಯಲು ಹೇಳಿದ್ದು ನಮ್ಮದೇ ತಪ್ಪು. ನೀರು ನುಗ್ಗಿ ಕೆಳಗಿನ ಕೋಣೆಗಳು ಮುಳುಗಿದವು, ಒಂದು ಮಗು ಹೋಯಿತು. ತಾಯಿ ಕೆಲಸ ಬಿಟ್ಟಳು. ಕೆಲವು ದಿನಗಳ ನಂತರ ಊಟದ ಚಾವಡಿಯಲ್ಲಿ ಮೇಜು ಎತ್ತಿ ಒಗೆದಳು, ತಡೆಯಲು ಬಂದವನಿಗೆ ಹೊಡೆದಳು. ಅವನು ಸತ್ತ. ಅವನ ಗೆಳೆಯರ ದುಃಖ ಇನ್ನೊಂದು ಜಗಳವಾಯಿತು, ಆ ಜಗಳ ಮತ್ತೊಂದು ಸಾವಾಯಿತು. ಒಬ್ಬಳ ನೋವು ಊರಿನ ನಾಶವಾಗುವುದನ್ನು ನಾವು ಎರಡು ಸಂಜೆ ಕೂತು ನೋಡಿದೆವು. 1377ರಲ್ಲಿ ಮುಕದ್ದಿಮಾ ಬರೆದ ಇಬ್ನ್ ಖಲ್ದೂನ್, ರಾಜ್ಯಗಳನ್ನು ಎತ್ತಿ ನಿಲ್ಲಿಸುವುದು ಜನರ ನಡುವಿನ ಅಸಬಿಯ್ಯತ್, ಒಗ್ಗಟ್ಟಿನ ಕಟ್ಟು, ಅದು ಸಡಿಲಿದಾಗ ಗೋಡೆಗಳು ಉಳಿದರೂ ರಾಜ್ಯ ಉಳಿಯದು ಎಂದು ಕಂಡುಕೊಂಡಿದ್ದರು. ನಮ್ಮ ಕೋಟೆಯ ಗೋಡೆಗಳಿಗೆ ಏನೂ ಆಗಿರಲಿಲ್ಲ.

ಸತ್ತವರಿಗೆ ಮಣ್ಣು ಕೊಡದಿದ್ದರೆ ಈ ಆಟದಲ್ಲಿ ಬದುಕಿದ್ದವರಿಗೆ ನೆಮ್ಮದಿಯಿಲ್ಲ. ಶವಪೆಟ್ಟಿಗೆ ಮಾಡಿ ಗೋರಿಯಲ್ಲಿಡಬೇಕು. ದೇಹ ಸಿಗದಿದ್ದರೆ ಹೆಸರು ಕೆತ್ತಿದ ಕಲ್ಲನ್ನಾದರೂ ನಿಲ್ಲಿಸಬೇಕು. ಇಲ್ಲದಿದ್ದರೆ ಪ್ರೇತ ಅಲೆಯುತ್ತದೆ. ಪ್ರೇತದ ಕಲ್ಪನೆ ನಮ್ಮ ನಂಬಿಕೆಯದ್ದಲ್ಲ. ಆದರೆ ಗೋರಿಯ ಮೇಲೆ ಮೂರು ಹಿಡಿ ಮಣ್ಣು ಹಾಕಿ ಬಂದವರಿಗೆ, ಸತ್ತವರ ಹಕ್ಕು ಬದುಕಿದವರ ಮೇಲಿರುತ್ತದೆ ಎಂಬ ಮಾತು ಹೊಸದಲ್ಲ. 2020ರಲ್ಲಿ, ಜನಾಝಾದ ಸಾಲಿನಲ್ಲಿ ನಿಲ್ಲಲೂ ಆಗದೆ ಮನೆಯಲ್ಲೇ ಕೈಯೆತ್ತಿ ದುಆ ಮಾಡಿದ ಕುಟುಂಬಗಳಿಗೆ ಇದನ್ನು ವಿವರಿಸಬೇಕಾಗಿಲ್ಲ. ಶತ್ರುಗಳನ್ನು ಸೊಳ್ಳೆಗಳಂತೆ ಹೊಸಕಿ ಮುಂದೆ ಓಡುವ ಆಟಗಳ ನಡುವೆ, ಹೆಣದ ಮುಂದೆ ನಿಂತು ಇದರ ಹೆಸರೇನು ಎಂದು ಕೇಳುವ ಆಟ ಒಂದಾದರೂ ಇದೆಯಲ್ಲ ಎನಿಸಿತು.

ಕಲಾವಿದನ ಪಾಡನ್ನೂ ಈ ಆಟ ಬಲ್ಲದು. ಕೋಟೆಯ ಯಾರೋ ಒಬ್ಬ, ಕೆಲವೊಮ್ಮೆ ಒಂದು ಮಗು, ಇದ್ದಕ್ಕಿದ್ದಂತೆ ಏನೋ ಆವರಿಸಿದವನಂತೆ ಕಾರ್ಯಾಗಾರವೊಂದನ್ನು ಹಿಡಿದು ಕೂರುತ್ತಾನೆ. ಊಟವಿಲ್ಲ, ನಿದ್ದೆಯಿಲ್ಲ. ಕಲ್ಲು ಬೇಕು, ಎಲುಬು ಬೇಕು, ರೇಷ್ಮೆ ಬೇಕು ಎನ್ನುತ್ತಾನೆ. ಎಲ್ಲ ಸಿಕ್ಕರೆ ಲೋಕದಲ್ಲೇ ಒಂದಾದ ವಸ್ತು ಅವನ ಕೈಯಿಂದ ಹೊರಬರುತ್ತದೆ. ಸಿಗದಿದ್ದರೆ ಹುಚ್ಚು ಹಿಡಿದು ಸಾಯುತ್ತಾನೆ. ನಗುವಂಥದ್ದೇನಿದೆ ಇದರಲ್ಲಿ?

ಇನ್ನು ತಪ್ಪುಗಳ ಮಾತು. ಈ ಆಟದಲ್ಲಿ ಕೂಲಿಯಿಲ್ಲ. ಹಿಂದೆ ಕೋಟೆಯೊಳಗೆ ನಾಣ್ಯ, ಬಾಡಿಗೆ ಎಲ್ಲ ಇದ್ದವಂತೆ, ಸರಿಹೋಗದೆ ಅದನ್ನು ಕೈಬಿಟ್ಟರು. ಈಗ ದುಡಿಯುವವರು ದುಡಿಯುತ್ತಾರೆ, ಉಣ್ಣುತ್ತಾರೆ. ಹೀಗಿದ್ದೂ ಧಣಿಗಳು ಬರುತ್ತಾರೆ, ಇಂಥ ವಸ್ತುವನ್ನೇ ಮಾಡಿ ಎಂದು ಫರ್ಮಾನು ಹೊರಡಿಸುತ್ತಾರೆ. ಮಾಡಲಾಗದಿದ್ದರೆ ಶಿಕ್ಷೆ ಯಾವನೋ ಬಡ ಕಸುಬುದಾರನಿಗೆ. ಅನ್ಯಾಯವನ್ನು ತೋರಿಸುವಷ್ಟು ಆಟ ಜಾಣ. ಅದರ ವಿರುದ್ಧ ದುಡಿಯುವವರು ಒಟ್ಟಾಗಿ ನಿಲ್ಲಬಹುದೆಂಬುದು ಅದಕ್ಕೆ ಹೊಳೆದಿಲ್ಲ. ಹಸುಗೂಸನ್ನು ಎತ್ತಿಕೊಂಡೇ ತಾಯಿ ಯುದ್ಧಕ್ಕೆ ಹೋಗುತ್ತಾಳೆ, ಗೂಸಿನ ಗತಿಯ ಬಗ್ಗೆ ಆಡುವವರಲ್ಲಿ ತಮಾಷೆಯೇ ಹೆಚ್ಚು. ಹೆಂಡ ಸಿಗದಿದ್ದರೆ ಕುಬ್ಜರ ಕೈ ಓಡುವುದಿಲ್ಲ. 2015ರ ಡಿಸೆಂಬರಿನಲ್ಲಿ ಬೆಕ್ಕುಗಳು ಕಾರಣವಿಲ್ಲದೆ ಸಾಯತೊಡಗಿದಾಗ ಟಾರ್ನ್ ಹುಡುಕಿದರೆ, ಪಡಸಾಲೆಯಲ್ಲಿ ಚೆಲ್ಲಿದ ಹೆಂಡ ಬೆಕ್ಕಿನ ಪಾದಕ್ಕೆ ಮೆತ್ತಿ, ಪಾದ ನೆಕ್ಕಿದ ಬೆಕ್ಕು ಅಮಲೇರಿ ಸಾಯುತ್ತಿತ್ತು! ನೆಕ್ಕಿದ ಒಂದು ಹನಿಯನ್ನು ಯಂತ್ರ ಒಂದು ಲೋಟವೆಂದು ಎಣಿಸಿತ್ತು. ಹೆಂಡದ ಬಗ್ಗೆ ಇದಕ್ಕಿಂತ ಒಳ್ಳೆಯ ನೀತಿಪಾಠವನ್ನು ಯಾರೂ ಬೇಕೆಂದೇ ಬರೆಯಲಾರರು.

ಆದರೆ ನಮ್ಮನ್ನು ನಿಜಕ್ಕೂ ಚುಚ್ಚಿದ್ದು ಬೇರೆ. ಆಟದಲ್ಲಿ ಗಾಬ್ಲಿನ್ ಎಂಬ ಒಂದು ಜನಾಂಗವಿದೆ. ಆಟದ ನಿಯಮದಲ್ಲೇ ಅವರು ಕೆಟ್ಟವರು ಎಂದು ಗುರುತು. ಮಕ್ಕಳನ್ನು ಕದ್ದೊಯ್ಯುತ್ತಾರೆ, ದಂಡು ಕಟ್ಟಿ ಬರುತ್ತಾರೆ. ಹುಟ್ಟಿನಿಂದಲೇ ಒಂದು ಜನ ವೈರಿಗಳೆಂಬ ಈ ಕಲ್ಪನೆ ಪಾಶ್ಚಾತ್ಯ ಅದ್ಭುತ ಕತೆಗಳಿಂದ ಬಂದ ಬಳುವಳಿ. ನಮ್ಮ ದಾಸ್ತಾನುಗಳೂ ಇದರಿಂದ ಮುಕ್ತವಲ್ಲ, ಅಲ್ಲಿಯೂ ಎದುರು ಪಕ್ಷದವನು ಜಾದೂಗಾರನೋ ದುಷ್ಟನೋ ಆಗಿರಲೇಬೇಕು. ಆದರೆ ಈ ಆಟದ ಇತಿಹಾಸ ಉರುಳುತ್ತಾ ಹೋದಂತೆ ನಿಯಮವನ್ನು ಬದುಕು ಮೀರುತ್ತದೆ. ಕದ್ದೊಯ್ದ ಮಗು ಗಾಬ್ಲಿನ್‌ಗಳ ನಡುವೆ ಬೆಳೆದು ಅವರವನೇ ಆಗುತ್ತದೆ. ಕೆಲವು ಗಾಬ್ಲಿನ್‌ಗಳು ಮನುಷ್ಯರ ಊರುಗಳಲ್ಲಿ ನೆಲೆಸುತ್ತಾರೆ, ಹಾಡುತ್ತಾರೆ, ಕುಣಿಯುತ್ತಾರೆ.

ಹಾಗೆ ನಮ್ಮ ಕೋಟೆಯ ಬಾಗಿಲಿಗೂ ಒಬ್ಬ ಬಂದ. ಊರು ಅಲೆಯುವ ಹಾಡುಗಾರ. ಇಲ್ಲೇ ಇದ್ದು ಜನರನ್ನು ರಂಜಿಸಲು ಅನುಮತಿ ಬೇಕೆಂದು ಅರ್ಜಿ ಕೊಟ್ಟ. ಹುಡುಗ ತಡಮಾಡದೆ ತಿರಸ್ಕರಿಸಿದ.

'ಯಾಕೋ?' ಎಂದೆವು.

'ಗಾಬ್ಲಿನ್ ಮಾಮೂ, ನಂಬೋಕಾಗಲ್ಲ. ಬಂದವರಲ್ಲಿ ಗೂಢಚಾರರೂ ಇರ್ತಾರೆ.'

ಅವನ ಮಾತು ಸುಳ್ಳಲ್ಲ. 2020ರ ಜನವರಿಯಲ್ಲಿ ಬಂದ ಆವೃತ್ತಿಯಿಂದ ಒಳಸಂಚು ಮಾಡುವವರು ಅತಿಥಿಗಳ ವೇಷದಲ್ಲಿ ಬರಬಲ್ಲರು. ಆದರೆ ಅವರು ಯಾವ ಜನಾಂಗದವರೂ ಆಗಿರಬಹುದು, ಕುಬ್ಜರೂ ಆಗಿರಬಹುದು. ಆ ದಿನ ಬಂದವನ ವಿವರದ ಪುಟವನ್ನು ತೆರೆದು ನೋಡುವಷ್ಟು ತಾಳ್ಮೆಯೂ ಹುಡುಗನಿಗಿರಲಿಲ್ಲ. ಹೆಸರಿನ ಪಕ್ಕದ ಒಂದು ಪದ ಸಾಕಾಗಿತ್ತು.

ಇಪ್ಪತ್ತು ವರ್ಷಗಳ ಹಿಂದೆ ನಗರವೊಂದರಲ್ಲಿ ಬಾಡಿಗೆ ಮನೆ ಹುಡುಕುತ್ತಿದ್ದಾಗ ನಡೆದದ್ದು ನೆನಪಾಯಿತು. ಮನೆ ತೋರಿಸಿದರು, ಚಹಾ ಕೊಟ್ಟರು, ಅಡ್ವಾನ್ಸ್ ಎಷ್ಟೆಂಬ ಮಾತೂ ಆಯಿತು. ಕೊನೆಗೆ ಹೆಸರು ಕೇಳಿದರು. ಹೆಸರು ಹೇಳಿದ ಮೇಲೆ, ಮನೆ ನಿನ್ನೆಯೇ ಬೇರೆಯವರಿಗೆ ಮಾತಾಗಿದೆ ಎಂದು ಅವರಿಗೆ ನೆನಪಾಯಿತು. ಆ ಮನೆಯವರು ಕೆಟ್ಟವರೆಂದು ನಾವು ಇಂದಿಗೂ ಹೇಳುವುದಿಲ್ಲ. ಅವರಿಗೂ ನಮ್ಮ ಪುಟ ತೆರೆದು ನೋಡುವ ತಾಳ್ಮೆ ಇರಲಿಲ್ಲ, ಅಷ್ಟೇ. ವಿಪರ್ಯಾಸವೆಂದರೆ ಕಳೆದ ವರ್ಷ ಕಾಲೇಜಿನ ಪಕ್ಕ ರೂಮು ಹುಡುಕುವಾಗ ಈ ಹುಡುಗನಿಗೂ ಇದೇ ಆಗಿದೆ. ಅವನೇ ಬಂದು ಹೇಳಿ ಕಣ್ಣೀರು ಹಾಕಿದ್ದ. ಆ ಹೊತ್ತಿಗೆ ನಾವು ಅದನ್ನು ಎತ್ತಿ ಆಡಲಿಲ್ಲ. ಆಟವಾಡುತ್ತಿದ್ದವನಿಗೆ ಉಪದೇಶ ಮಾಡಿದರೆ ಆಟವೂ ಕೆಡುತ್ತದೆ, ಉಪದೇಶವೂ ಕೆಡುತ್ತದೆ. 'ಬಾಗಿಲು ಹಾಕುವ ಮೊದಲು ಅವನು ಯಾರೂಂತ ಒಂದು ಸಲ ನೋಡಬಹುದಿತ್ತು' ಎಂದಷ್ಟೇ ಹೇಳಿದೆವು. ಹುಡುಗ ಏನೂ ಹೇಳಲಿಲ್ಲ.

ಒಂದು ವಾರದ ನಂತರ ಅಡುಗೆಮನೆಯ ಕಡೆಗೆ ಕೂಗಿ ಕರೆದ. 'ಮಾಮೂ, ಇನ್ನೊಬ್ಬ ಗಾಬ್ಲಿನ್ ಬಂದಿದ್ದಾನೆ. ಬನ್ನಿ, ಓದೋಣ.' ಇಬ್ಬರೂ ಕೂತು ಅವನ ಪುಟ ಓದಿದೆವು. ಕೋಪ ಬೇಗ ಬರುವ ಸ್ವಭಾವ, ಸಂಗೀತದ ಮೇಲೆ ಪ್ರೀತಿ, ಕೊಟ್ಟ ಮಾತಿಗೆ ಅಂಥ ಬೆಲೆ ಕೊಡುವವನಲ್ಲ. ಒಟ್ಟಿನಲ್ಲಿ ನಮ್ಮ ನಿಮ್ಮಂತೆ. ಹುಡುಗ ಸ್ವಲ್ಪ ಹೊತ್ತು ಯೋಚಿಸಿ ಒಪ್ಪಿಗೆ ಕೊಟ್ಟ. ಆಮೇಲೆ ಬಂದದ್ದೇ ನೀರಿನ ಅನಾಹುತ. ಕೋಟೆ ಬಿದ್ದದ್ದಕ್ಕೆ ಆ ಗಾಬ್ಲಿನ್ ಕಾರಣನಲ್ಲ, ಅವನಿಂದ ಅದು ಉಳಿಯಲೂ ಇಲ್ಲ. ಉಳಿದವರ ಜೊತೆ ಅವನೂ ಮೆಟ್ಟಿಲ ಮೇಲೆ ಸತ್ತ. ಇತಿಹಾಸದ ವಿಭಾಗದಲ್ಲಿ ಹುಡುಕಿದಾಗ ಅವನ ಹೆಸರು ಸಿಕ್ಕಿತು, ಸತ್ತ ಊರಿನ ಹೆಸರಾಗಿ ನಮ್ಮ ಕೋಟೆಯದೇ ಇತ್ತು.

ಒಳ್ಳೆಯ ಕೃತಿಯ ಲಕ್ಷಣವೆಂದರೆ ತನ್ನ ಪೂರ್ವಗ್ರಹವನ್ನು ತಾನೇ ಪ್ರಶ್ನಿಸುವ ಅವಕಾಶವನ್ನು ಉಳಿಸಿಕೊಳ್ಳುವುದು. ಈ ಆಟ ಒಂದು ಜನವನ್ನು ಕೆಟ್ಟವರೆಂದು ಬರೆಯುತ್ತದೆ, ಆಮೇಲೆ ಆ ಜನದಿಂದ ಒಬ್ಬನನ್ನು ಹಾಡು ಹಿಡಿಸಿ ನಮ್ಮ ಬಾಗಿಲಿಗೆ ಕಳುಹಿಸುತ್ತದೆ. ಮಾಡಿದವರು ಇದನ್ನು ಉದ್ದೇಶಿಸಿದ್ದರೋ ಇಲ್ಲವೋ, ನಮಗೆ ಸಿಕ್ಕಿದ್ದು ಇದು. ಆ ಗುರುತನ್ನೇ ನಿಯಮದಿಂದ ಅಳಿಸಿದರೆ ಇನ್ನೂ ಒಳ್ಳೆಯದೆಂದು ನಮ್ಮ ಅಭಿಪ್ರಾಯ. ಮುಗಿಯದ ಕೃತಿಯಾದ್ದರಿಂದ ಆ ಆಸೆಗೆ ಜಾಗವಿದೆ.

ಕೊನೆಯದಾಗಿ ಅಣ್ಣತಮ್ಮಂದಿರ ಬದುಕಿನ ಮಾತು. ಹದಿನಾರು ವರ್ಷ ಅವರು ಈ ಆಟವನ್ನು ಪುಕ್ಕಟೆ ಕೊಟ್ಟರು. ಮೆಚ್ಚಿದವರು ಕಳುಹಿಸಿದ ಹಣದಲ್ಲಿ ಬದುಕಿದರು. ಹಣ ಕಳುಹಿಸಿದವರಿಗೆ ಪ್ರತಿಯಾಗಿ ಮಕ್ಕಳ ಬಣ್ಣದ ಕಡ್ಡಿಯಲ್ಲಿ ಬಿಡಿಸಿದ ಚಿತ್ರವೋ ಒಂದು ಪುಟ್ಟ ಕತೆಯೋ ಹೋಗುತ್ತಿತ್ತು. 2012ರಲ್ಲಿ ನ್ಯೂಯಾರ್ಕಿನ ಆಧುನಿಕ ಕಲಾ ಸಂಗ್ರಹಾಲಯ ತನ್ನ ಸಂಗ್ರಹಕ್ಕೆ ಮೊದಲ ಬಾರಿ ಆರಿಸಿದ 14 ಆಟಗಳಲ್ಲಿ ಇದೂ ಒಂದು. ಆದರೆ ಸಂಗ್ರಹಾಲಯದ ಗೌರವ ಆಸ್ಪತ್ರೆಯ ಬಿಲ್ಲು ಕಟ್ಟುವುದಿಲ್ಲ. ಮನೆಗೆ ಕ್ಯಾನ್ಸರ್ ಕಾಲಿಟ್ಟಾಗ, ವಿಮೆಯಿಲ್ಲದವನ ಗತಿ ಆ ದೇಶದಲ್ಲಿ ಏನೆಂದು ತಿಳಿದ ಅಣ್ಣತಮ್ಮಂದಿರು, ಚಿತ್ರ ಸಂಗೀತಗಳಿಂದ ಸಿಂಗರಿಸಿದ ರೂಪವೊಂದನ್ನು ಮಾರುವುದಾಗಿ 2019ರಲ್ಲಿ ಪ್ರಕಟಿಸಿದರು. 2022ರ ಡಿಸೆಂಬರ್ 6ರಂದು ಅದು ಬಂತು. ಮೊದಲ 24 ಗಂಟೆಗಳಲ್ಲಿ ಸುಮಾರು 1,60,000 ಪ್ರತಿ ಹೋಯಿತು. ಜನ ಋಣ ತೀರಿಸಿದರೆಂದೇ ಹೇಳಬೇಕು. ಬರೀ ಅಕ್ಷರ ಚಿಹ್ನೆಗಳ ಹಳೆಯ ರೂಪವನ್ನು ಅವರು ಈಗಲೂ ಉಚಿತವಾಗಿಯೇ ಇಟ್ಟಿದ್ದಾರೆ. ಹಣ ಬಂದ ಮೇಲೆ ಕೆಲಸ ನಿಲ್ಲಿಸಿಲ್ಲ. ಬಿದ್ದ ಕೋಟೆಗೆ ಒಬ್ಬ ಪಯಣಿಗನಾಗಿ ಹೋಗಿ ಅಲೆದಾಡುವ ಭಾಗ 2025ರ ಜನವರಿಯಲ್ಲಿ ಹೊಸ ರೂಪಕ್ಕೂ ಸೇರಿತು.

ರಜೆ ಮುಗಿಸಿ ಹೊರಡುವ ಮುನ್ನ ಹುಡುಗ ಅದನ್ನೂ ತೋರಿಸಿದ. ನೀರು ತುಂಬಿದ ಕೋಣೆಗಳ ಪಕ್ಕದಲ್ಲಿ, ಕೋಟೆಯ ಶಿಲ್ಪಿಯೊಬ್ಬ ಗೋಡೆಯ ಮೇಲೆ ಕೆತ್ತಿದ ಚಿತ್ರಗಳು ಹಾಗೆಯೇ ಇದ್ದವು. ನಮ್ಮ ಮೇಜಿನ ಖಾನೆಯಲ್ಲಿ ಏಳು ವರ್ಷಗಳಿಂದ ಅರ್ಧಕ್ಕೆ ನಿಂತ ಒಂದು ಕತೆಯಿದೆ. ನೆರೆಮನೆಯ ಬಾಗಿಲು ಮುಚ್ಚಿದ ಸದ್ದಿನಿಂದ ಶುರುವಾಗುವ ಕತೆ. ಮುಚ್ಚಿದವರ ಪುಟವನ್ನು ನಾವೂ ಸರಿಯಾಗಿ ತೆರೆದು ಓದಿರಲಿಲ್ಲವೆಂದು ಈಗ ಅನಿಸುತ್ತಿದೆ. ಹುಡುಗ ಹೋದ ರಾತ್ರಿ ಅದನ್ನು ಹೊರಗೆ ತೆಗೆದಿಟ್ಟಿದ್ದೇವೆ.